ನೋಟಿಸ್ ಇಂಗ್ಲಿಷಿನಲ್ಲಿ, ಹರಾಜು ಕನ್ನಡದಲ್ಲಿ: ಹಣಕಾಸು ಸಚಿವರಿಗೆ ಒಂದು ಬಹಿರಂಗ ಪತ್ರ

ಸನ್ಮಾನ್ಯ ನಿರ್ಮಲಾ ಸೀತಾರಾಮನ್ ಅವರಿಗೆ ನಮಸ್ಕಾರಗಳು.

ಮೇಡಂ, ಇದು ಸಾಲ ಮನ್ನಾ ಕೇಳುವ ಪತ್ರ ಅಲ್ಲ. ಮೊದಲೇ ಹೇಳಿಬಿಡುತ್ತೇನೆ. ಕಂತು ಕಟ್ಟಲಾಗದವರ ಪರವಾಗಿ ಬಾಯಿ ಬಿಟ್ಟರೆ ಸಾಕು, ಎದುರಿಗಿದ್ದವರು "ಸಾಲ ತಗೊಳ್ಳುವಾಗ ಗೊತ್ತಿರಲಿಲ್ವಾ?" ಅಂತ ಶುರು ಮಾಡುತ್ತಾರೆ. ಗೊತ್ತಿತ್ತು. ತೀರಿಸಬೇಕು ಅನ್ನುವುದರಲ್ಲೂ ತಕರಾರಿಲ್ಲ. ಬ್ಯಾಂಕಿನಲ್ಲಿರುವುದು ನಮ್ಮ ನಿಮ್ಮಂಥವರ ಠೇವಣಿ, ಅದು ವಾಪಸ್ ಬರಲೇಬೇಕು. ನಾನು ಕೇಳುತ್ತಿರುವುದು ಬೇರೆ. ಸುಸ್ತಿಗೆ ಬಿದ್ದ ಸಾಲಗಾರನಿಗೆ ಕಾನೂನು ಮತ್ತು ಕೋರ್ಟುಗಳು ಈಗಾಗಲೇ ಕೊಟ್ಟಿರುವ ಪರಿಹಾರ ಇದೆಯಲ್ಲ, ಅದು ಅವನಿಗೆ ಸಮಯಕ್ಕೆ ಸರಿಯಾಗಿ ಗೊತ್ತಾಗಲಿ, ಅವನ ಕೈಗೆ ಎಟುಕಲಿ. ಅಷ್ಟೇ.

ನಿಮಗೇ ಯಾಕೆ ಬರೆಯುತ್ತಿದ್ದೇನೆ ಅಂದರೆ, ಸರ್ಕಾರಿ ಬ್ಯಾಂಕುಗಳು ನಿಮ್ಮ ಸಚಿವಾಲಯದ ಅಡಿ ಬರುತ್ತವೆ. ಆ ಬ್ಯಾಂಕುಗಳ ವಿರುದ್ಧ ಸಾಲಗಾರ ಹೋಗಿ ನಿಲ್ಲಬೇಕಾದ ಸಾಲ ವಸೂಲಾತಿ ನ್ಯಾಯಮಂಡಳಿ, ಅಂದರೆ ಡಿಆರ್‌ಟಿ, ಅದೂ ನಿಮ್ಮ ಸಚಿವಾಲಯದ ಅಡಿಯೇ ಬರುತ್ತದೆ. ಜೊತೆಗೆ ನೀವು ರಾಜ್ಯಸಭೆಯಲ್ಲಿ ಕೂತಿರುವುದು ಕರ್ನಾಟಕದ ಪ್ರತಿನಿಧಿಯಾಗಿ. ಹಾಗಾಗಿ ನಮ್ಮ ಕಡೆಯ ಮಾತು ಸ್ವಲ್ಪ ಕೇಳಬೇಕು.

ನಾನು ಹುಬ್ಬಳ್ಳಿಯಲ್ಲಿ ಸಣ್ಣ ಅಂಗಡಿ, ವರ್ಕ್‌ಶಾಪುಗಳ ಲೆಕ್ಕ ಬರೆದು, ಜಿಎಸ್‌ಟಿ ರಿಟರ್ನ್ ಹಾಕಿ ಬದುಕುವವನು. ವಕೀಲನಲ್ಲ. ಆದರೆ ಬ್ಯಾಂಕಿನಿಂದ ಏನೇ ಕಾಗದ ಬಂದರೂ ವಕೀಲರಿಗಿಂತ ಮೊದಲು ಅದು ಬರುವುದು ನನ್ನಂಥವರ ಮೇಜಿಗೆ. ತಾರಿಹಾಳದ ಕಡೆ ಫ್ಯಾಬ್ರಿಕೇಶನ್ ಶೆಡ್ ನಡೆಸುವ ಒಬ್ಬರು ಹಾಗೆ ಒಂದು ಲಕೋಟೆ ತಂದರು. ಗೇಟು, ಗ್ರಿಲ್ಲು, ಟ್ರಾಲಿ ಮಾಡುವವರು. ಗುತ್ತಿಗೆದಾರರಿಂದ ಬರಬೇಕಾದ ಬಿಲ್ಲು ನಿಂತುಹೋಗಿ ಕಂತು ತಪ್ಪಿತ್ತು. ಲಕೋಟೆಯಲ್ಲಿ ಇದ್ದದ್ದು ಸರ್ಫೇಸಿ ಕಾಯ್ದೆಯ, ಅಂದರೆ ಅಡಮಾನದ ಆಸ್ತಿಯನ್ನು ಕೋರ್ಟಿಗೆ ಹೋಗದೆ ಬ್ಯಾಂಕೇ ಸ್ವಾಧೀನಕ್ಕೆ ತಗೊಂಡು ಮಾರಲು ಬಿಡುವ ಕಾಯ್ದೆಯ, 13(2)ನೇ ಕಲಮಿನ ನೋಟಿಸ್: 60 ದಿನದೊಳಗೆ ಬಾಕಿ ಕಟ್ಟಿ ಅನ್ನುವ ಮೊದಲ ನೋಟಿಸ್. ಒಂದಕ್ಷರ ಕನ್ನಡ ಇಲ್ಲ. ಕೊನೆಯ ಪುಟದಲ್ಲಿ ಅವರದೇ ಮನೆಯ ಚೆಕ್ಕುಬಂದಿ: ಪೂರ್ವಕ್ಕೆ ಯಾರ ಮನೆ, ಪಶ್ಚಿಮಕ್ಕೆ ಯಾವ ರಸ್ತೆ. ಅದೂ ಇಂಗ್ಲಿಷಿನಲ್ಲಿ. ಅವರಿಗೆ ಓದಲು ಬಂದದ್ದು ಮೊತ್ತ ಮತ್ತು ಹೆಸರು. "ನನ್ ಹೆಸ್ರ ಇರ್ಲಿ, ಆಕೀ ಹೆಸ್ರ ಯಾಕ ಬಂತ್ರೀ ಇದ್ರಾಗ?" ಅಂತ ಕೇಳಿದರು. ಮನೆ ಹೆಂಡತಿ ಹೆಸರಿನಲ್ಲಿತ್ತು. ಅದನ್ನೇ ಅಡಮಾನ ಇಟ್ಟಿದ್ದರಿಂದ ಆಕೆಯನ್ನು ಜಾಮೀನುದಾರಳಾಗಿ ಸಹಿ ಮಾಡಿಸಿದ್ದರು.

ನೋಟಿಸಿನ ತಾರೀಕು ನೋಡಿ ನನಗೆ ಎದೆ ಧಸಕ್ಕೆಂದಿತು. ಬಂದು ನಾಲ್ಕು ತಿಂಗಳಾಗಿತ್ತು. ಮುಖ್ಯವಾದ ಕಾಗದ ಅಂತ ಎಲ್‌ಐಸಿ ಬಾಂಡುಗಳ ಜೊತೆ ಬೀರುವಿನಲ್ಲಿ ಭದ್ರವಾಗಿ ಇಟ್ಟಿದ್ದರಂತೆ! ನನ್ನ ಹತ್ತಿರ ಓಡಿ ಬಂದದ್ದು, ಬ್ಯಾಂಕಿನವರು ಮನೆ ಬಾಗಿಲಿಗೆ ಸ್ವಾಧೀನದ ನೋಟಿಸ್ ಅಂಟಿಸಿ, ಅದು ಪೇಪರಿನಲ್ಲೂ ಬಂದ ಮೇಲೆ. ಪೇಪರಿನಲ್ಲಿ ಬಂದದ್ದು ಕನ್ನಡದಲ್ಲಿ. ಓಣಿಯವರೆಲ್ಲ ಓದಿದರು.

ಇದು ಆ ಬ್ಯಾಂಕೊಂದರ ಕಥೆ ಅಲ್ಲ ಮೇಡಂ, ನಿಯಮವೇ ಹಾಗಿದೆ. 2002ರ ಸರ್ಫೇಸಿ ನಿಯಮಗಳ ಪ್ರಕಾರ ಸ್ವಾಧೀನದ ನೋಟಿಸನ್ನೂ ಹರಾಜಿನ ನೋಟಿಸನ್ನೂ ಎರಡು ಪತ್ರಿಕೆಗಳಲ್ಲಿ ಹಾಕಬೇಕು. ಅದರಲ್ಲಿ ಒಂದು ಸ್ಥಳೀಯ ಭಾಷೆಯದ್ದಾಗಿರಬೇಕು. ಊರಿಗೆ ಗೊತ್ತಾಗಬೇಕು, ಕೊಳ್ಳುವವರು ಬರಬೇಕು, ಸರಿ. ಆದರೆ ಮನೆ ಕಳಕೊಳ್ಳುವವನಿಗೆ ಕಳಿಸುವ ಮೊದಲ ನೋಟಿಸು ಅವನ ಭಾಷೆಯಲ್ಲಿರಬೇಕು ಅಂತ ಅದೇ ನಿಯಮದಲ್ಲಿ ಇಲ್ಲ. ತಮಾಷೆ ನೋಡಿ, ಬ್ಯಾಂಕೇತರ ಹಣಕಾಸು ಕಂಪನಿಗಳಿಗೆ ರಿಸರ್ವ್ ಬ್ಯಾಂಕ್ ಹಾಕಿರುವ ನ್ಯಾಯಯುತ ನಡವಳಿಕೆಯ ಸಂಹಿತೆಯಲ್ಲಿ ಇದು ಇದೆ. ಸಾಲಗಾರನ ಜೊತೆಗಿನ ಎಲ್ಲ ಪತ್ರವ್ಯವಹಾರ ಸ್ಥಳೀಯ ಭಾಷೆಯಲ್ಲಿ, ಇಲ್ಲವೇ ಅವನಿಗೆ ಅರ್ಥವಾಗುವ ಭಾಷೆಯಲ್ಲಿ ಇರಬೇಕು ಅನ್ನುತ್ತದೆ ಅದು. ಮನೆ ಜಪ್ತಿ ಮಾಡುವ ನೋಟಿಸಿಗೆ ಮಾತ್ರ ಯಾಕೆ ಬೇಡ?

ಆ ಮೊದಲ 60 ದಿನ ಎಷ್ಟು ಬೆಲೆಬಾಳುತ್ತದೆ ಅನ್ನುವುದಕ್ಕೆ ಒಂದು ತೀರ್ಪಿನ ಹಿನ್ನೆಲೆ ಇದೆ. ಕಾಯ್ದೆ ಬಂದ ಹೊಸದರಲ್ಲಿ ಸಾಲಗಾರ ಡಿಆರ್‌ಟಿಗೆ ಹೋಗಬೇಕಾದರೆ ಬ್ಯಾಂಕು ಕೇಳಿದ ಮೊತ್ತದ 75% ಮೊದಲು ಕಟ್ಟಬೇಕಿತ್ತು. ಅಷ್ಟು ದುಡ್ಡಿದ್ದರೆ ಸುಸ್ತಿಗೆ ಯಾಕೆ ಬೀಳುತ್ತಿದ್ದ? 2004ರಲ್ಲಿ ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಷರತ್ತನ್ನು ಹೊಡೆದುಹಾಕಿತು. ಸಾಲಗಾರ ಆಕ್ಷೇಪಣೆ ಕೊಟ್ಟರೆ ಬ್ಯಾಂಕು ಅದನ್ನು ನೋಡಲೇಬೇಕು, ಕಾರಣ ಕೊಟ್ಟು ಉತ್ತರಿಸಬೇಕು ಎಂದಿತು. ಅದರ ನಂತರವೇ ಕಾಯ್ದೆಗೆ 13(3ಎ) ಸೇರಿದ್ದು. ಈಗ ಆಕ್ಷೇಪಣೆ ಬಂದ 15 ದಿನದೊಳಗೆ ಬ್ಯಾಂಕು ಉತ್ತರ ಕೊಡಬೇಕು. ಎರಡು ಪುಟದ ಅರ್ಜಿ ಸಾಕು. "ಈ ಬಡ್ಡಿ ಲೆಕ್ಕ ತಪ್ಪು, ಈ ಜಮೆ ತೋರಿಸಿಲ್ಲ, ಇಷ್ಟು ತಿಂಗಳು ಸಮಯ ಕೊಡಿ" ಅಂತ ಬರೆದುಕೊಡಬಹುದು. ಖರ್ಚಿಲ್ಲ, ಕೋರ್ಟು ಮೆಟ್ಟಿಲಿಲ್ಲ. ನನ್ನ ಮೇಜಿಗೆ ಬಂದವರಲ್ಲಿ ಇದನ್ನು ತಾವಾಗಿಯೇ ತಿಳಿದು ಬಂದವರನ್ನು ನಾನು ನೋಡಿಲ್ಲ.

ಅದಕ್ಕೇ ನನ್ನ ಮೊದಲ ಬೇಡಿಕೆ ಇದು. ಪ್ರತಿ 13(2) ನೋಟಿಸಿನ ಮೇಲೆ ಒಂದು ಪುಟದ ಕನ್ನಡದ ಚೀಟಿ ಇರಬೇಕು. ಬೇರೆ ರಾಜ್ಯದಲ್ಲಿ ಅವರವರ ಭಾಷೆಯದ್ದು. ನೀವು ಒಪ್ಪಿದರೆ ಇದನ್ನೇ ಬಳಸಿಕೊಳ್ಳಿ:

"ಇದು ನಿಮ್ಮ ಆಸ್ತಿಗೆ ಸಂಬಂಧಿಸಿದ ನೋಟಿಸ್. ಎತ್ತಿಡಬೇಡಿ. 60 ದಿನದೊಳಗೆ ಬಾಕಿ ಕಟ್ಟಬೇಕು. ಲೆಕ್ಕದ ಬಗ್ಗೆ ತಕರಾರಿದ್ದರೆ ಈಗಲೇ ಬರಹದಲ್ಲಿ ಕೊಡಿ, ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ನಾವು 15 ದಿನದೊಳಗೆ ಉತ್ತರಿಸಬೇಕು. ಅದಾದ ಮೇಲೆ ನಾವು ಆಸ್ತಿ ಸ್ವಾಧೀನಕ್ಕೆ ತೆಗೆದುಕೊಂಡರೆ, ಅಂದಿನಿಂದ 45 ದಿನದೊಳಗೆ ನೀವು ಡಿಆರ್‌ಟಿಗೆ ಅರ್ಜಿ ಹಾಕಬಹುದು. ಸಿವಿಲ್ ಕೋರ್ಟಿಗೆ ಹೋಗಿ ದಿನ ಕಳೆಯಬೇಡಿ, ಈ ವಿಷಯ ಅಲ್ಲಿ ನಡೆಯುವುದಿಲ್ಲ. ಅಡಮಾನದ ಜಮೀನು ಕೃಷಿ ಜಮೀನಾಗಿದ್ದರೆ, ಅಥವಾ ಅಸಲು ಬಡ್ಡಿ ಸೇರಿ 20%ಕ್ಕಿಂತ ಕಡಿಮೆ ಬಾಕಿ ಉಳಿದಿದ್ದರೆ ಈ ಕಾಯ್ದೆ ನಿಮಗೆ ಅನ್ವಯಿಸುವುದಿಲ್ಲ, ತಿಳಿಸಿ. ಉಚಿತ ಕಾನೂನು ನೆರವಿಗೆ 15100ಕ್ಕೆ ಕರೆ ಮಾಡಿ."

ಇಷ್ಟೇ. ಇದರಲ್ಲಿರುವ ಒಂದೊಂದು ಮಾತೂ ಈಗಾಗಲೇ ಕಾನೂನಿನಲ್ಲಿದೆ. ಹೊಸದಾಗಿ ಏನನ್ನೂ ಕೊಡಬೇಕಿಲ್ಲ.

ಕೊನೆಯ ಸಾಲಿನ ಬಗ್ಗೆ ಇನ್ನೊಂದು ಮಾತು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಲ್ಲಿ ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ ಉಚಿತ ವಕೀಲರು ಸಿಗುತ್ತಾರೆ. ಪರಿಶಿಷ್ಟ ಜಾತಿ, ಪಂಗಡದವರಿಗೂ ಹಾಗೆಯೇ. ಆ ಕಾಯ್ದೆಯಲ್ಲಿ ಕೋರ್ಟು ಅಂದರೆ ನ್ಯಾಯಮಂಡಳಿಯೂ ಸೇರುತ್ತದೆ. ಹಾಗಿದ್ದ ಮೇಲೆ ಶೆಡ್ಡಿನವರ ಹೆಂಡತಿ, ಅಂದರೆ ಮನೆಯ ನಿಜವಾದ ಒಡತಿ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಟ್ಟು ವಕೀಲರನ್ನು ಪಡೆಯಬಹುದಿತ್ತು. ನಮ್ಮ ಕಡೆ ಗಂಡನ ವ್ಯಾಪಾರಕ್ಕೆ ಹೆಂಡತಿಯ ಮನೆ, ಅತ್ತೆಯ ಸೈಟು ಅಡಮಾನ ಬೀಳುವುದು ಮಾಮೂಲು. ಸಹಿ ಹಾಕಿಸುವಾಗ ಮಾತ್ರ ಅವರನ್ನು ಬ್ಯಾಂಕಿಗೆ ಕರಕೊಂಡು ಹೋಗುತ್ತಾರೆ. ಆಮೇಲೆ ಅವರಿಗೆ ಯಾರೂ ಏನೂ ಹೇಳುವುದಿಲ್ಲ, ಗಂಡಂದಿರೂ ಹೇಳುವುದಿಲ್ಲ. ಜಾಮೀನು ಹಾಕಿದ ಹೆಣ್ಣುಮಕ್ಕಳ ಕೈಗೆ ಬೇರೆಯಾಗಿ, ಕನ್ನಡದಲ್ಲಿ, ಈ ಚೀಟಿ ಹೋಗಲಿ.

ಈಗ ಲೆಕ್ಕದ ವಿಷಯಕ್ಕೆ ಬರುತ್ತೇನೆ. ಇದು ನನ್ನ ಕಸುಬು, ಸ್ವಲ್ಪ ಉದ್ದವಾದರೆ ಕ್ಷಮಿಸಿ.

ನೋಟಿಸಿನಲ್ಲಿ ಒಂದೇ ಒಂದು ಅಂಕಿ ಇರುತ್ತದೆ, ಇಂಥ ದಿನಕ್ಕೆ ಇಷ್ಟು ಲಕ್ಷ ಅಂತ. ಅಸಲೆಷ್ಟು, ಬಡ್ಡಿಯೆಷ್ಟು, ದಂಡವೆಷ್ಟು, ವಕೀಲರ ಫೀಸು, ವ್ಯಾಲ್ಯುಯೇಶನ್ ಖರ್ಚು ಎಷ್ಟು ಸೇರಿಸಿದ್ದಾರೆ, ಗೊತ್ತಾಗುವುದಿಲ್ಲ. ಸ್ಟೇಟ್‌ಮೆಂಟ್ ಕೇಳಿದರೆ "ಹೆಡ್ ಆಫೀಸಿನಿಂದ ಬರಬೇಕು" ಅನ್ನುತ್ತಾರೆ. ಆದರೆ ಸಾಲಗಾರರಿಗೆ ಕೋರ್ಟುಗಳಿಂದ ಸಿಕ್ಕ ದೊಡ್ಡ ಪರಿಹಾರಗಳು ಹುಟ್ಟಿದ್ದೇ ಇಂಥ ಲೆಕ್ಕದ ಜಗಳದಿಂದ. ಕೃಷಿ ಸಾಲಕ್ಕೆ ವರ್ಷಕ್ಕಿಂತ ಕಡಿಮೆ ಅವಧಿಗೆ ಚಕ್ರಬಡ್ಡಿ ಹಾಕಬಾರದು ಅನ್ನುವುದನ್ನು 1994ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಕಾರ್ಪೊರೇಶನ್ ಬ್ಯಾಂಕ್ ಮತ್ತು ಡಿ.ಎಸ್. ಗೌಡ ಪ್ರಕರಣದಲ್ಲಿ. ಆ ಜಗಳ ಶುರುವಾದದ್ದು ನಮ್ಮ ಕರ್ನಾಟಕ ಹೈಕೋರ್ಟಿನಲ್ಲಿ. 2001ರಲ್ಲಿ ಸೆಂಟ್ರಲ್ ಬ್ಯಾಂಕ್ ಮತ್ತು ರವೀಂದ್ರ ಪ್ರಕರಣದಲ್ಲಿ ಸಂವಿಧಾನ ಪೀಠ ಇನ್ನೊಂದು ಮಾತು ಹೇಳಿತು: ದಂಡದ ಬಡ್ಡಿಯನ್ನು ಅಸಲಿಗೆ ಸೇರಿಸಿ ಅದರ ಮೇಲೆ ಮತ್ತೆ ಬಡ್ಡಿ ಬೆಳೆಸುವಂತಿಲ್ಲ. ಇದನ್ನು ರಿಸರ್ವ್ ಬ್ಯಾಂಕ್ ಇನ್ನಷ್ಟು ಬಿಗಿ ಮಾಡಿದ್ದು 2023ರ ಆಗಸ್ಟಿನಲ್ಲಿ. ಈಗ ದಂಡ ಅನ್ನುವುದು ಬಡ್ಡಿ ದರಕ್ಕೆ ಸೇರಿಸುವ ವಸ್ತುವೇ ಅಲ್ಲ, ಬೇರೆ ಶುಲ್ಕ, ಅದರ ಮೇಲೆ ಬಡ್ಡಿ ಇಲ್ಲ.

ಕೊರೊನಾ ಕಾಲದ್ದು ನಿಮಗೇ ನೆನಪಿರುತ್ತದೆ. 2020ರ ಮಾರ್ಚ್‌ನಿಂದ ಆಗಸ್ಟ್‌ವರೆಗೆ ಕಂತು ಮುಂದೂಡಲು ಅವಕಾಶ ಕೊಟ್ಟರು. ಆಮೇಲೆ ಮುಂದೂಡಿದ ಬಡ್ಡಿಗೂ ಬಡ್ಡಿ ಹತ್ತಿತು. ಜನ ಸುಪ್ರೀಂ ಕೋರ್ಟಿಗೆ ಹೋದ ಮೇಲೆ 2 ಕೋಟಿವರೆಗಿನ ಸಾಲಕ್ಕೆ ನಿಮ್ಮ ಸರ್ಕಾರ ಬಡ್ಡಿಯ ಮೇಲಿನ ಬಡ್ಡಿ ವಾಪಸ್ ಕೊಟ್ಟಿತು. 2021ರ ಮಾರ್ಚ್ 23ರ ತೀರ್ಪಿನಲ್ಲಿ ಕೋರ್ಟು 2 ಕೋಟಿಯ ಗೆರೆಯನ್ನೂ ಅಳಿಸಿ, ಯಾರಿಗೂ ಆ ಆರು ತಿಂಗಳಿಗೆ ಚಕ್ರಬಡ್ಡಿ ಬೇಡ, ತಗೊಂಡಿದ್ದರೆ ಮುಂದಿನ ಕಂತಿಗೆ ಹೊಂದಿಸಿ ಎಂದಿತು. ಪೂರ್ತಿ ಬಡ್ಡಿ ಮನ್ನಾ ಕೇಳಿದ್ದನ್ನು ಒಪ್ಪಲಿಲ್ಲ, ಅದೂ ಸರಿಯೇ. ಈಗ ಹೇಳಿ, ಖಾತೆಯ ಸಾಲುಸಾಲು ವಿವರ ಕೈಗೆ ಬರದಿದ್ದರೆ ಈ ತೀರ್ಪುಗಳ ಪ್ರಯೋಜನ ತನಗೆ ಸಿಕ್ಕಿದೆಯೋ ಇಲ್ಲವೋ ಅಂತ ಒಬ್ಬ ವೆಲ್ಡಿಂಗ್ ಶಾಪಿನವನು ಹೇಗೆ ನೋಡಬೇಕು?

ಹಾಗೆ ನೋಡಿದರೆ ಲೆಕ್ಕ ಕೇಳುವುದರಲ್ಲಿ ದೊಡ್ಡವರು ಸಣ್ಣವರು ಅಂತಿಲ್ಲ. ವಿಜಯ್ ಮಲ್ಯ ಪ್ರಕರಣದಲ್ಲಿ ಬೆಂಗಳೂರಿನ ಡಿಆರ್‌ಟಿ 2017ರಲ್ಲಿ ನಿಗದಿ ಮಾಡಿದ ಮೊತ್ತ 6,203 ಕೋಟಿ ಮತ್ತು ಬಡ್ಡಿ. 14,131 ಕೋಟಿ ವಾಪಸ್ ಬಂದಿದೆ ಅಂತ 2024ರ ಡಿಸೆಂಬರಿನಲ್ಲಿ ಲೋಕಸಭೆಯಲ್ಲಿ ಹೇಳಿದ್ದು ನೀವೇ. 2025ರ ಫೆಬ್ರುವರಿಯಲ್ಲಿ ಅವರು ಲಂಡನ್ನಿನಲ್ಲಿ ಕೂತುಕೊಂಡೇ ನಮ್ಮ ಹೈಕೋರ್ಟಿನಲ್ಲಿ ವಕೀಲರ ಮೂಲಕ ಕೇಳಿದರು, ವಸೂಲಾದದ್ದರ ಲೆಕ್ಕ ಕೊಡಿಸಿ ಅಂತ. ಅವರ ಬಗ್ಗೆ ನನಗೆ ಕನಿಕರ ಏನಿಲ್ಲ. ಅವರಿಗೆ ಲಂಡನ್ನಿನಿಂದ ಕೇಳಲು ಆಗುವುದನ್ನು ತಾರಿಹಾಳದವರು ಹುಬ್ಬಳ್ಳಿಯಿಂದ ಕೇಳಲು ಆಗಬೇಕು, ಅಷ್ಟೇ ನನ್ನ ಮಾತು. 13(2) ನೋಟಿಸಿನ ಜೊತೆಗೇ ಪೂರ್ತಿ ಖಾತೆ ವಿವರ ಇರಲಿ. ಅಸಲು, ಬಡ್ಡಿ, ದಂಡ, ಇತರೆ ಖರ್ಚು ಬೇರೆ ಬೇರೆ ಕಾಲಮಿನಲ್ಲಿ.

ಇನ್ನು ದೂರದ ಮಾತು. ಸರ್ಫೇಸಿಯ 34ನೇ ಕಲಮು ಸಿವಿಲ್ ಕೋರ್ಟಿನ ಬಾಗಿಲು ಮುಚ್ಚಿದೆ. ಹೈಕೋರ್ಟಿಗೆ ರಿಟ್ ಹಾಕಿದರೆ "ಮೊದಲು ಡಿಆರ್‌ಟಿಗೆ ಹೋಗಿ" ಅನ್ನುತ್ತಾರೆ. 2010ರ ಸತ್ಯವತಿ ಟಂಡನ್ ಪ್ರಕರಣದಿಂದ ಹಿಡಿದು ಸುಪ್ರೀಂ ಕೋರ್ಟ್ ಇದನ್ನು ಮತ್ತೆ ಮತ್ತೆ ಹೇಳಿದೆ. ಒನ್ ಟೈಮ್ ಸೆಟ್ಲ್‌ಮೆಂಟ್, ಅಂದರೆ ಬಾಕಿಯಲ್ಲಿ ಸ್ವಲ್ಪ ಬಿಟ್ಟು ಸಾಲ ಚುಕ್ತಾ ಮಾಡಿಕೊಳ್ಳುವ ಅವಕಾಶ, ಕೊಡಲೇಬೇಕು ಅಂತ ಬ್ಯಾಂಕಿಗೆ ಹೈಕೋರ್ಟು ಆದೇಶ ಮಾಡುವಂತಿಲ್ಲ ಅಂತಲೂ 2021ರಲ್ಲಿ ಹೇಳಿತು. ಇರಲಿ, ಬ್ಯಾಂಕಿನ ವ್ಯವಹಾರದ ತೀರ್ಮಾನ ಬ್ಯಾಂಕಿಗೆ ಬಿಡೋಣ. ಆದರೆ ಎಲ್ಲ ಬಾಗಿಲು ಮುಚ್ಚಿ ಒಂದೇ ಬಾಗಿಲು ತೆರೆದಿಟ್ಟ ಮೇಲೆ, ಆ ಬಾಗಿಲು ಎಲ್ಲಿದೆ? ಇಡೀ ಕರ್ನಾಟಕದ ಎರಡೂ ಡಿಆರ್‌ಟಿಗಳು ಬೆಂಗಳೂರಿನಲ್ಲಿವೆ. ಹುಬ್ಬಳ್ಳಿಯಿಂದ 400 ಕಿಲೋಮೀಟರಿಗೂ ಜಾಸ್ತಿ, ಬೀದರಿನಿಂದ ಹತ್ತಿರ ಹತ್ತಿರ 700. ಅಲ್ಲಿ ಸೋತು ಮೇಲ್ಮನವಿ ಹಾಕಬೇಕಾದರೆ ಚೆನ್ನೈ. ಮೇಲ್ಮನವಿಗೆ ಬಾಕಿಯ 50% ಠೇವಣಿ ಇಡಬೇಕು, ದಯೆ ತೋರಿದರೆ 25%. ಮಾರ್ಡಿಯಾ ತೀರ್ಪು ಕೆಳಗಿನ ಮೆಟ್ಟಿಲಲ್ಲಿ ಕಿತ್ತುಹಾಕಿದ ಬೇಲಿ ಮೇಲಿನ ಮೆಟ್ಟಿಲಲ್ಲಿ ಹಾಗೇ ಇದೆ.

ಶೆಡ್ಡಿನವರು ಮೊದಲು ಹೋದದ್ದು ಪರಿಚಯದ ವಕೀಲರ ಹತ್ತಿರ, ಸಿವಿಲ್ ದಾವೆ ಹಾಕಲು. ಅಲ್ಲಿ ಎರಡು ವಾರ ಹೋಯಿತು. ಆಮೇಲೆ ರಾತ್ರಿ ಬಸ್ಸು ಹತ್ತಿ ಬೆಂಗಳೂರು. ಅಲ್ಲಿ ಹೊಸ ವಕೀಲರು, ಹೊಸ ಫೀಸು. 45 ದಿನ ಮುಗಿಯಲು ಇನ್ನೇನು ಸ್ವಲ್ಪ ಉಳಿದಾಗ ಅರ್ಜಿ ಬಿತ್ತು. ತಡೆಯಾಜ್ಞೆ ಸಿಕ್ಕಿತು, ಷರತ್ತಿನ ಮೇಲೆ: ಇಷ್ಟು ದಿನದೊಳಗೆ ಇಷ್ಟು ಲಕ್ಷ ಕಟ್ಟಿ ಅಂತ. ಹೆಂಡತಿಯ ಬಂಗಾರ ಹೋಯಿತು, ಒಂದು ಕಟಿಂಗ್ ಮಷೀನೂ ಹೋಯಿತು. ಮನೆ ಸದ್ಯಕ್ಕೆ ಉಳಿದಿದೆ. ಅದೇ ದುಡ್ಡನ್ನು ಮೊದಲ 60 ದಿನದಲ್ಲೇ ಬ್ಯಾಂಕಿನ ಮುಂದಿಟ್ಟು ಮಾತಾಡಿದ್ದರೆ ವಕೀಲರ ಫೀಸು, ಪೇಪರಿನ ಜಾಹೀರಾತು, ಓಣಿಯವರ ಬಾಯಿ, ಯಾವುದೂ ಬೇಕಿರಲಿಲ್ಲ. ಬ್ಯಾಂಕಿಗೂ ಲಾಭವೇ ಆಗುತ್ತಿತ್ತು ಅಲ್ವಾ?

ತಮಿಳುನಾಡಿನಲ್ಲಿ ಚೆನ್ನೈ ಬಿಟ್ಟು ಕೊಯಮತ್ತೂರು, ಮದುರೈಯಲ್ಲೂ ಡಿಆರ್‌ಟಿ ಇದೆ. ನಮ್ಮಲ್ಲಿ ಧಾರವಾಡ, ಕಲಬುರಗಿಯಲ್ಲಿ 2008ರಿಂದ ಹೈಕೋರ್ಟಿನ ಪೀಠಗಳೇ ಕೂರುತ್ತಿವೆ. ಹೈಕೋರ್ಟು ಬರಬಹುದಾದ ಊರಿಗೆ ನ್ಯಾಯಮಂಡಳಿ ಬರಲು ಏನು ಅಡ್ಡಿ? ಯಾವ ಊರಿನಲ್ಲಿ ಇರಬೇಕು ಅಂತ ಅಧಿಸೂಚನೆ ಹೊರಡಿಸುವ ಅಧಿಕಾರ ಕೇಂದ್ರ ಸರ್ಕಾರದ್ದೇ. ಪೂರ್ತಿ ಪೀಠ ಕೊಡಲು ಸಮಯ ಬೇಕಿದ್ದರೆ, ತಿಂಗಳಿಗೆ ಕೆಲವು ದಿನ ಬಂದು ಕೂರಲಿ. ಜೊತೆಗೆ ನ್ಯಾಯಮಂಡಳಿಯಲ್ಲಿ ಅಧಿಕಾರಿಯ ಕುರ್ಚಿ ಖಾಲಿ ಬೀಳದಂತೆ ನೋಡಿಕೊಳ್ಳಿ. ಕುರ್ಚಿ ಖಾಲಿ ಇದ್ದರೂ ಹರಾಜಿನ ದಿನಾಂಕ ಮುಂದಕ್ಕೆ ಹೋಗುವುದಿಲ್ಲ.

ಸಾಲಗಾರರೆಲ್ಲ ಪಾಪದವರು ಅಂತ ನಾನು ಹೇಳುವುದಿಲ್ಲ. ಕಟ್ಟುವ ಶಕ್ತಿ ಇದ್ದೂ ಒಂದರ ಮೇಲೊಂದು ಕೇಸು ಹಾಕಿ, ತಡೆಯಾಜ್ಞೆ ತಂದು, ಬಾಡಿಗೆದಾರ ಅಂತ ಭಾವಮೈದುನನನ್ನು ನಿಲ್ಲಿಸಿ ವರ್ಷಗಟ್ಟಲೆ ಎಳೆಯುವವರನ್ನು ನಾನೂ ಕಂಡಿದ್ದೇನೆ. ಅಂಥವರಿಗೆ ಬೆಂಗಳೂರು ದೂರ ಆಗುವುದಿಲ್ಲ, ಇಂಗ್ಲಿಷೂ ಅಡ್ಡ ಬರುವುದಿಲ್ಲ. ಈಗಿನ ವ್ಯವಸ್ಥೆ ತಡೆಯುತ್ತಿರುವುದು ಅವರನ್ನಲ್ಲ.

ಲೋಕ ಅದಾಲತ್ ಬಗ್ಗೆ ಒಳ್ಳೆಯ ಮಾತು ಹೇಳಲೇಬೇಕು. ಶುಲ್ಕವಿಲ್ಲ, ಊರಲ್ಲೇ ಆಗುತ್ತದೆ, ಕೇಸು ದಾಖಲಾಗುವ ಮೊದಲೇ ರಾಜಿಗೆ ಹೋಗಬಹುದು. ಆದರೆ ಅಲ್ಲಿ ಒಮ್ಮೆ ಸಹಿ ಹಾಕಿದರೆ ಮೇಲ್ಮನವಿ ಇಲ್ಲ ಅನ್ನುವುದನ್ನು ಬ್ಯಾಂಕಿನ ಟೇಬಲ್ಲಿನಲ್ಲಿ ಯಾರೂ ಬಿಡಿಸಿ ಹೇಳುವುದಿಲ್ಲ. ಕಟ್ಟಲಾಗದ ಮೊತ್ತಕ್ಕೆ ಒಪ್ಪಿಕೊಂಡು, ಮೂರನೇ ಕಂತಿಗೆ ರಾಜಿ ಮುರಿದು, ಕಟ್ಟಿದ್ದೂ ಹೋಗಿ ಹಳೇ ಬಾಕಿಯೂ ತಲೆ ಮೇಲೆ ಕೂತವರಿದ್ದಾರೆ. ನಿಮ್ಮ ಬ್ಯಾಂಕುಗಳಿಗೆ ಒಂದು ಸುತ್ತೋಲೆ ಸಾಕು: ಅದಾಲತ್ತಿಗೆ ಹದಿನೈದು ದಿನ ಮೊದಲೇ ರಾಜಿ ಮೊತ್ತ, ಕಂತು, ತಪ್ಪಿದರೆ ಏನಾಗುತ್ತದೆ ಅನ್ನುವುದನ್ನು ಬರಹದಲ್ಲಿ ಕೊಡಿ ಅಂತ.

ವಸೂಲಿ ಏಜೆಂಟರ ಕಾಟದ ಬಗ್ಗೆ ಜಾಸ್ತಿ ಬರೆಯುವುದಿಲ್ಲ. ಬೆಳಿಗ್ಗೆ 8ರ ಮೊದಲು, ಸಂಜೆ 7ರ ನಂತರ ಫೋನ್ ಮಾಡಬಾರದು ಅಂತ ರಿಸರ್ವ್ ಬ್ಯಾಂಕಿನ ಸೂಚನೆ ಇದೆ. ತೋಳ್ಬಲದ ವಸೂಲಿ ಸಲ್ಲದು ಅಂತ 2007ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ನಮ್ಮ ರಾಜ್ಯ 2025ರಲ್ಲಿ ಕಿರುಸಾಲದ ಕಿರುಕುಳ ತಡೆಯಲು ಕಾನೂನು ತಂದಿತು. ಆದರೆ ರಿಸರ್ವ್ ಬ್ಯಾಂಕಿನಲ್ಲಿ ನೋಂದಣಿಯಾದ ಬ್ಯಾಂಕುಗಳು ಅದರ ಹೊರಗಿವೆ. ಅವುಗಳನ್ನು ನೋಡಿಕೊಳ್ಳಬೇಕಾದವರು ನೀವು ಮತ್ತು ರಿಸರ್ವ್ ಬ್ಯಾಂಕು.

ಕಾಫಿ ಬೆಳೆಗಾರರ ಮಾತೂ ನಿಮ್ಮ ಮುಂದಿದೆ. ಕೃಷಿ ಜಮೀನಿಗೆ ಸರ್ಫೇಸಿ ಇಲ್ಲ ಅಂದಮೇಲೆ ನಮ್ಮ ತೋಟ ಯಾಕೆ ಹರಾಜಿಗೆ ಬರುತ್ತದೆ ಅಂತ ಕೊಡಗು, ಚಿಕ್ಕಮಗಳೂರು, ಹಾಸನದವರು ವರ್ಷಗಳಿಂದ ಕೇಳುತ್ತಿದ್ದಾರೆ. ಕಾಫಿ ತೋಟ ಕೃಷಿ ಜಮೀನು ಹೌದೋ ಅಲ್ಲವೋ ಅಂತ ಕಾಯ್ದೆಯಲ್ಲೇ ಸ್ಪಷ್ಟವಾಗಿ ಬರೆಯಿರಿ.

ಕೊನೆಯದಾಗಿ, ನೀವೇ ಮಾಡಬೇಕಾದ ಒಂದು ತಿದ್ದುಪಡಿ. 2016ಕ್ಕೆ ಮೊದಲು, ಮಾರಾಟಕ್ಕೆ ಗೊತ್ತಾದ ದಿನದ ತನಕ ಬಾಕಿ ಕಟ್ಟಿ ಆಸ್ತಿ ಬಿಡಿಸಿಕೊಳ್ಳಲು ಸಾಲಗಾರನಿಗೆ ಹಕ್ಕಿತ್ತು. ಆಮೇಲೆ 13(8)ಕ್ಕೆ ತಿದ್ದುಪಡಿ ಬಂತು. ಈಗ ಹರಾಜಿನ ನೋಟಿಸ್ ಪ್ರಕಟವಾಗುವುದಕ್ಕೆ ಮೊದಲೇ ಕಟ್ಟಬೇಕು. 2023ರಲ್ಲಿ ಬಾಫ್ನಾ ಮೋಟರ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಎತ್ತಿಹಿಡಿಯಿತು. 2025ರ ಸೆಪ್ಟೆಂಬರಿನಲ್ಲಿ ಮತ್ತೆ ಇದೇ ವಿಷಯ ಬಂದಾಗ, ಕಾಯ್ದೆಗೂ ನಿಯಮಗಳಿಗೂ ಹೊಂದಿಕೆ ಇಲ್ಲ, ಸರಿಪಡಿಸಿ ಅಂತ ಕೋರ್ಟು ನಿಮ್ಮ ಸಚಿವಾಲಯಕ್ಕೇ ಹೇಳಿದೆ. ನಮ್ಮ ಕಡೆ ಜನ ದುಡ್ಡು ಹೊಂದಿಸುವುದು ಯಾವಾಗ ಗೊತ್ತಾ ಮೇಡಂ? ಪೇಪರಿನಲ್ಲಿ ಹರಾಜಿನ ಸುದ್ದಿ ನೋಡಿದ ಮೇಲೆ. ಆಗಲೇ ಅಣ್ಣ ತಮ್ಮಂದಿರು ಕೂಡುತ್ತಾರೆ, ಬೀಗರು ಕೈ ಹಿಡಿಯುತ್ತಾರೆ, ಊರಿನ ಜಮೀನು ಮಾರುವ ಮಾತು ಬರುತ್ತದೆ. ಅಷ್ಟೊತ್ತಿಗೆ ಕಾನೂನು ಹೇಳುತ್ತದೆ, ಹೊತ್ತು ಮೀರಿತು ಅಂತ. ಹರಾಜಿನ ನೋಟಿಸಿಗೂ ಮೊದಲ ಹರಾಜಿಗೂ ನಡುವೆ 30 ದಿನ ಹೇಗೂ ಇದೆ. ಆ 30 ದಿನವನ್ನು ಸಾಲಗಾರನಿಗೆ ವಾಪಸ್ ಕೊಡಿ. ಬ್ಯಾಂಕಿನ ಪೂರ್ತಿ ಬಾಕಿ, ಹರಾಜಿನ ಖರ್ಚು ಸಮೇತ ಕಟ್ಟಿದರೆ ಮಾತ್ರ ಅಂತ ಷರತ್ತು ಹಾಕಿ, ಬೇಡ ಅನ್ನುವುದಿಲ್ಲ. ಕೂಗಲು ಬಂದವರ ಮುಂಗಡ ಬಡ್ಡಿ ಸಮೇತ ಹಿಂದಿರುಗಿಸಲಿ.

ಈ ತಿದ್ದುಪಡಿಗೆ ಸಂಸತ್ತು ಬೇಕು, ಡಿಆರ್‌ಟಿಯ ಪೀಠಕ್ಕೆ ಅಧಿಸೂಚನೆ ಬೇಕು. ಕನ್ನಡದ ಚೀಟಿಗೆ ಮತ್ತು ಖಾತೆ ವಿವರಕ್ಕೆ ಬೇಕಾಗಿರುವುದು ನಿಮ್ಮ ಹಣಕಾಸು ಸೇವೆಗಳ ಇಲಾಖೆಯ ಒಂದು ಸುತ್ತೋಲೆ. ಅದನ್ನು ಈ ತಿಂಗಳೇ ಕಳಿಸಬಹುದು.

ಇಂತಿ ನಮಸ್ಕಾರಗಳೊಂದಿಗೆ,
ಹುಬ್ಬಳ್ಳಿಯ ಒಬ್ಬ ಲೆಕ್ಕ ಬರೆಯುವವನು